ಸತ್ತ ಸದ್ದುಗಳಿಗೆ ಎಡೆ ಇಟ್ಟವರು

ನಮ್ಮ ಇಂಗ್ಲಿಷ್ ಮೇಷ್ಟ್ರ ಗಂಟಲಿನ ಉಬ್ಬು ಮೇಷ್ಟ್ರಿಗಿಂತ ಮೊದಲು ತರಗತಿಯೊಳಕ್ಕೆ ಬರುತ್ತಿತ್ತು. ಕೋಲಿನಂಥ ಕತ್ತು, ಅದರ ನಡುವೆ ನುಂಗುವಾಗ ಸಿಕ್ಕಿಕೊಂಡ ನೆಲ್ಲಿಕಾಯಿಯಂಥ ಉಬ್ಬು. ಮಾತಾಡಿದಂತೆಲ್ಲ ಅದು ಬಾವಿಯ ಬಿಂದಿಗೆಯ ಹಾಗೆ ಏರಿ ಇಳಿಯುತ್ತಿತ್ತು. ಅಂಗಿಯ ಮೇಲಿನ ಗುಂಡಿಯನ್ನು ಅವರು ಎಂದೂ ಹಾಕಿದವರಲ್ಲ. ಉಬ್ಬಿನ ಓಡಾಟಕ್ಕೆ ಅಡ್ಡಿಯಾಗಬಾರದೆಂಬ ಸೌಜನ್ಯವಿರಬೇಕು. ದನಿಯಂತೂ ಹೊಳೆನರಸೀಪುರದ ನಮ್ಮ ಹೈಸ್ಕೂಲಿನ ಹೆಂಚು ದಾಟಿ, ಆಚೆ ಬೀದಿಯ ಹಿಟ್ಟಿನ ಗಿರಣಿಯವನಿಗೂ ಪುಕ್ಕಟೆ ಇಂಗ್ಲಿಷ್ ಕಲಿಸುತ್ತಿತ್ತು.

ಬಾಗೂರು ಕಡೆಯ ಒಕ್ಕಲು ಮನೆತನದವರು. ಇಂಗ್ಲಿಷಿನ ಹಳೇ ಕಾಗುಣಿತವನ್ನೂ ಅವರು ಒಂದು ಮನೆತನವೆಂದೇ ತಿಳಿದಿದ್ದರು. 'ನೈಫ್' ಎಂದು ಬರೆಯುವಾಗ ಮುಂದೆ ಸುಮ್ಮನೆ ಕೂರುವ ಕೆ ಅಕ್ಷರ ಒಂದು ಕಾಲಕ್ಕೆ ಬಾಯಿಬಿಟ್ಟು ಮಾತಾಡುತ್ತಿತ್ತಂತೆ. ಕಾಲ ಕಳೆದು ಸದ್ದು ಸತ್ತಿತು. ಅಕ್ಷರವನ್ನು ಮಾತ್ರ ಯಾರೂ ಹೊರಗೆ ಹಾಕಲಿಲ್ಲ. ಇದನ್ನು ಅವರು ಸಾವಿನ ಸುದ್ದಿ ಮುಟ್ಟಿಸುವವರ ಗಾಂಭೀರ್ಯದಿಂದ ಹೇಳುತ್ತಿದ್ದರು.

"ಮಾತಾಡ್ದೇ ಇರೋದನ್ನ ಯಾಕ್ ಸಾ ಇಟ್ಕೊಂಡವ್ರೆ?" ಎಂದು ಹಿಂದಿನ ಬೆಂಚಿನವನೊಬ್ಬ ಕೇಳಿದ.

"ನಿಮ್ಮಜ್ಜ ಮಾತಾಡ್ತಾನೇನ್ಲಾ?"

"ಇಲ್ಲ ಸಾ, ಲಕ್ವ ಒಡೆದದೆ."

"ಆಚೆಗೆ ಆಕ್ಬುಟ್ಟಿದ್ದೀರಾ?"

"ಇಲ್ಲ ಸಾ, ಜಗಲಿ ಮ್ಯಾಲೆ ಕೂತವ್ನೆ."

"ಇದೂ ಅಂಗೇ ಕಣ್ಲಾ. ಬರ್ಕೊ."

ಮಹಾಲಯ ಅಮಾವಾಸ್ಯೆಗೆ ನಮ್ಮ ಕಡೆ ಮನೆಮನೆಯಲ್ಲೂ ತೀರಿಹೋದ ಹಿರಿಯರಿಗೆ ಎಡೆ ಇಡುತ್ತಾರೆ. ಅದರ ಹಿಂದಿನ ದಿನ ಮೇಷ್ಟ್ರು ತರಗತಿಯಲ್ಲಿ ಸತ್ತ ಸದ್ದುಗಳಿಗೆ ಎಡೆ ಇಡುತ್ತಿದ್ದರು. ಅವರು ಅಂಥ ಪದಗಳನ್ನು ಬೋರ್ಡಿನ ಮೇಲೆ ಬರೆದ ಮೇಲೆ, ನಾವೆಲ್ಲ ಎದ್ದು ನಿಂತು, ಅದೊಂದು ದಿನ ಮಾತ್ರ ಸತ್ತ ಅಕ್ಷರವನ್ನೂ ಸೇರಿಸಿ ಕೂಗಬೇಕು. "ಕ್ನೈಫ್! ಕ್ನೀ! ಗ್ನಾಟ್!" ಗಿರಣಿಯವನು ಬಂದು ಕಿಟಕಿಯಲ್ಲಿ ಇಣುಕುತ್ತಿದ್ದ. "ಎಡೆಗೆ ಕೋಳಿ ಇಲ್ವಾ ಸಾ?" ಎಂದು ಯಾರಾದರೂ ಕೇಳಿಯೇ ಕೇಳುತ್ತಿದ್ದರು. 'ಐಲ್ಯಾಂಡ್' ಪದದೊಳಗಿನ ಎಸ್‌ಗೆ ಮಾತ್ರ ಮೇಷ್ಟ್ರು ಎಡೆ ಇಡುತ್ತಿರಲಿಲ್ಲ. "ಅದು ಹುಟ್ಟಿದಾಗ್ಲಿಂದ ಮಾತಾಡಿಲ್ಲ ಕಣ್ರಲಾ. ಯಾರೋ ಪಂಡಿತ ತಂದು ಕೂರಿಸ್ದ ಸುಳ್ಳು ನೆಂಟ."

ನಿವೃತ್ತರಾಗಿ ಬಹಳ ಕಾಲವಾದ ಮೇಲೆ ಅವರ ದನಿ ಒಡೆಯಿತು. ನೆಗಡಿ ಎಂದರು, ಧೂಳು ಎಂದರು, ಜೇನುತುಪ್ಪ ನೆಕ್ಕಿದರು. ತಿಂಗಳುಗಳು ಕಳೆದರೂ ದನಿ ಮರಳಲಿಲ್ಲ. ಚನ್ನರಾಯಪಟ್ಟಣದಲ್ಲಿದ್ದ ನಾನು ಹೋಗಿ, ಅವರನ್ನೂ ಅವರ ಮನೆಯವರನ್ನೂ ಹಾಸನದ ಆಸ್ಪತ್ರೆಗೆ ಕರೆದುಕೊಂಡು ಹೋದೆ. ದಾರಿಯಲ್ಲಿ ಹೊಸ ಸೀರೆ ಅಂಗಡಿಯೊಂದು ತನ್ನ ಇಂಗ್ಲಿಷ್ ಬೋರ್ಡಿನ 'ಶಾಪ್'ಗೆ ಇನ್ನೊಂದು ಪಿ, ಒಂದು ಇ ಎಂಬ ಹಳೇ ಕಾಲದ ಬಾಲ ಅಂಟಿಸಿಕೊಂಡು ಮಿನುಗುತ್ತಿತ್ತು. ಆಟೋದವನು ಅದನ್ನು 'ಶಾಪೆ' ಎಂದ. ಮೇಷ್ಟ್ರು ಗೊಗ್ಗರು ದನಿಯಲ್ಲಿ, "ನೋಡ್ಲಾ, ಸತ್ತೋರ ಹೆಸ್ರೇಳಿ ಸೀರೆ ಮಾರ್ತಾವ್ರೆ," ಎಂದರು. ಅದು ಅವರ ಕೊನೆಯ ಇಂಗ್ಲಿಷ್ ಪಾಠ.

ಗಂಟಲಲ್ಲಿ ಕ್ಯಾನ್ಸರ್ ಇತ್ತು. ಡಾಕ್ಟರು ಸುತ್ತಿ ಬಳಸಿ ಮಾತಾಡುವವರಲ್ಲ. ಧ್ವನಿಪೆಟ್ಟಿಗೆ ತೆಗೆದರೆ ಕೆಲವು ವರ್ಷ ಬದುಕಬಹುದು. ಮಾತು ಮಾತ್ರ ಹೋಗುತ್ತದೆ. ತೆಗೆಯದಿದ್ದರೆ ಎರಡೂ ಹೋಗುತ್ತವೆ.

ಮೇಷ್ಟ್ರು ಬೇಡವೆಂದರು. ಮಾತು ಬಿಟ್ಟರೆ ತನ್ನ ಹತ್ತಿರ ಇನ್ನೇನಿದೆ ಎಂದರು. ಅಮ್ಮಾವ್ರು, ಅಂದರೆ ಅವರ ಮನೆಯವರು, ಆಸ್ಪತ್ರೆಯ ಬೆಂಚಿನ ಮೇಲೆ ಸೆರಗನ್ನು ಹಿಂಡುತ್ತ ಕೂತಿದ್ದರು.

"ನಿಮ್ ಮಾತ ಮದ್ವೆ ಆದಾಗ್ಲಿಂದ ಕೇಳಿವ್ನಿ. ಸಾಕು," ಎಂದರು. "ಮಾತಾಡ್ದಿದ್ರೆ ಬ್ಯಾಡ. ಕೂತಿರಿ. ಜಗಲಿ ಮ್ಯಾಲೆ ಸುಮ್ನೆ ಕೂತಿರಿ, ಅಷ್ಟೇಯ."

ಮೇಷ್ಟ್ರು ಅವರ ಕೈಯಿಂದ ಸೆರಗು ಬಿಡಿಸಿದರು. ಆಮೇಲೆ, "ಆಯ್ತು ಕಣೇ," ಎಂದರು.

ಕತ್ತಿನಲ್ಲಿ ಒಂದು ತೂತು, ಅದಕ್ಕೊಂದು ಬಿಳಿ ಬಟ್ಟೆ. ಉಬ್ಬಿದ್ದ ಜಾಗ ಸಪಾಟಾಯಿತು. ಜಗಲಿಯ ಮೇಲೆ ಕೂತರು. ಮಾತು ಹೋದವರಿಗೆ ಕಿವಿಯೂ ಹೋಗಿರುತ್ತದೆಂಬುದು ನಮ್ಮ ಜನರ ದೃಢವಾದ ನಂಬಿಕೆ. ನೋಡಲು ಬಂದವರೆಲ್ಲ ಅವರ ಮುಖಕ್ಕೆ ಬಾಯಿಟ್ಟು, "ಊಟಾ ಆಯ್ತಾಆಆ?" ಎಂದು ಅರಚುತ್ತಿದ್ದರು. ಆಮೇಲೆ ಅಮ್ಮಾವ್ರ ಕಡೆ ತಿರುಗಿ, ಮೆಲ್ಲಗೆ, "ಎಷ್ಟು ದಿನ ಅಂದವ್ರೆ ಡಾಕ್ಟ್ರು?" ಎನ್ನುತ್ತಿದ್ದರು. ಮೇಷ್ಟ್ರು ಎರಡನ್ನೂ ಕೇಳಿಸಿಕೊಳ್ಳುತ್ತಿದ್ದರು. ಅರಕಲಗೂಡಿನ ಷಡ್ಡಕರೊಬ್ಬರು, ಮಣ್ಣು ಮಾಡುವುದು ಬಾಗೂರಿನ ಹೊಲದಲ್ಲೋ ಇಲ್ಲಿಯೋ ಎಂಬ ಚರ್ಚೆಯನ್ನು ಅವರ ಮಗ್ಗುಲಲ್ಲೇ ಕೂತು, ಕಾಫಿ ಕುಡಿಯುತ್ತ ಮುಗಿಸಿದರು. ಆ ದಿನ ಮೇಷ್ಟ್ರು ಗೋಡೆಯ ಕಡೆ ತಿರುಗಿ ಮಲಗಿದರು. ಹೆಗಲು ಅಲುಗಾಡುತ್ತಿತ್ತು. ಸದ್ದಿರಲಿಲ್ಲ.

ನಾನು ಚನ್ನರಾಯಪಟ್ಟಣಕ್ಕೆ ಮರಳಿದ ಮೇಲೆ, ಒಂದು ಸಂಜೆ ಅವರ ನಂಬರಿನಿಂದ ಫೋನು ಬಂತು. "ಹೇಳಿ ಮೇಷ್ಟ್ರೇ," ಎಂದೆ. ನಾಲಗೆ ಕಚ್ಚಿಕೊಳ್ಳುವಷ್ಟರಲ್ಲಿ ಅತ್ತಲಿಂದ ಉಗುರಿನಿಂದ ಫೋನು ತಟ್ಟಿದ ಸದ್ದು ಕೇಳಿತು. ಒಂದು ತಟ್ಟು ಎಂದರೆ ಹೌದು, ಎರಡು ಎಂದರೆ ಅಲ್ಲ. ಇದು ನಮಗೆ ತಾನಾಗಿ ರೂಢಿಯಾಯಿತು. ಮಳೆ ಬೆಳೆ, ಯಾರ ಮದುವೆ, ಯಾರ ಸಾವು, ಎಲ್ಲ ನಾನೇ ಹೇಳಬೇಕು. ತರಗತಿಯಲ್ಲಿ ತುಟಿ ಬಿಚ್ಚದಿದ್ದ ನಾನು ಸಂಜೆಯೆಲ್ಲ ಒಬ್ಬನೇ ಮಾತಾಡಲು ಕಲಿತದ್ದು ಹೀಗೆ. ಇಷ್ಟು ತಾಳ್ಮೆಯಿಂದ ನನ್ನ ಮಾತನ್ನು ಇನ್ನಾರೂ ಕೇಳಿಸಿಕೊಂಡಿಲ್ಲ.

ಕಾಯಿಲೆ ಮತ್ತೆ ಬಂತು. ತಟ್ಟುವುದು ಸಣ್ಣದಾಯಿತು, ಆಮೇಲೆ ಬರಿ ಉಸಿರು.

ಒಂದು ಬೆಳಿಗ್ಗೆ ಅದೇ ನಂಬರಿನಿಂದ ಫೋನು ಬಂತು. "ಹೇಳಿ ಮೇಷ್ಟ್ರೇ," ಎಂದೆ.

"ನಾನು ಕಣಪ್ಪ," ಎಂದಿತು ಫೋನು.

ಆಪರೇಷನ್ ಆದಾಗಿನಿಂದ ಆ ನಂಬರಿನಲ್ಲಿ ಮಾತು ಕೇಳಿದ್ದು ಅದೇ ಮೊದಲು. ಮುಂದಿನದನ್ನು ಅಮ್ಮಾವ್ರು ಹೇಳುವ ಮೊದಲೇ ನಾನು ಚಪ್ಪಲಿ ಹುಡುಕುತ್ತಿದ್ದೆ.