ಅಮ್ಮನ ಎರಡನೇ ಟೇಕು

ಕೆನಡಾದ ಎಟೋಬಿಕೋದಲ್ಲಿ ನಮ್ಮ ಕಾಂಡೋದ ಎದುರು ಮನೆಯಲ್ಲಿ ವಯಸ್ಸಾದ ಫ್ರೆಂಚ್ ಹೆಂಗಸೊಬ್ಬರಿದ್ದರು. ಪ್ಯಾರಿಸ್ಸಿನಲ್ಲಿ ಮೊದಲು ಸಿನಿಮಾ ನಟಿ, ಆಮೇಲೆ ಎಡಿಟಿಂಗು, ಕ್ಯಾಮೆರಾ, ಕಡೆಗೆ ಒಂದೆರಡು ಚಿತ್ರಗಳ ನಿರ್ದೇಶನ. ಇಷ್ಟೆಲ್ಲ ಮಾಡಿದವರು ಲಿಫ್ಟಿನಲ್ಲಿ ಸಿಕ್ಕಾಗ ಮಾತಾಡುತ್ತಿದ್ದುದು ಬಟ್ಟೆ ಒಣಗಿಸುವ, ಕೆಟ್ಟುಹೋದ ಡ್ರೈಯರಿನ ಬಗ್ಗೆ.

2017ರ ರಾಜ್ಯೋತ್ಸವಕ್ಕೆ ಕನ್ನಡ ಕೂಟದವರು ಕಿರುಚಿತ್ರ ಕೇಳಿದಾಗ ಹಿಂದೆಮುಂದೆ ನೋಡದೆ ಒಪ್ಪಿಕೊಂಡೆ. ವಿಸಿಟರ್ ವೀಸಾದ ಮೇಲೆ ಬಂದ ತಾಯಿಯೊಬ್ಬಳ ತಮಾಷೆಯ ಕಥೆ. ಅಂಗೈಯಲ್ಲಿ ಬೆಣ್ಣೆ ಇಟ್ಟುಕೊಂಡು ತುಪ್ಪಕ್ಕೆ ಯಾಕೆ ಅಲೆಯಲಿ? ಮೈಸೂರಿನಿಂದ ಬಂದ ಅಮ್ಮ ಮನೆಯಲ್ಲೇ ಇದ್ದಳು. ಕ್ಯಾಮೆರಾಕ್ಕೆ ಎದುರು ಮನೆಯವರು ಒಪ್ಪಿದರು.

ನಮ್ಮ ಅಡುಗೆಮನೆಯಲ್ಲೇ ಶೂಟಿಂಗ್. ಅಮ್ಮ ತಟ್ಟೆ ಹಿಡಿದು ಒಂದೇ ಮಾತು ಹೇಳಬೇಕಿತ್ತು: "ನಾನ್ ಇಲ್ಲಿಗ್ ಬಂದಿದ್ದು ಮಗಳನ್ನ ನೋಡೋಕಲ್ಲ, ಡಿಶ್‌ವಾಷರ್ ನೋಡ್ಕೊಳ್ಳೋಕೆ." ಜನ ನಗಲಿ ಎಂದೇ ಬರೆದದ್ದು. ಮೊದಲ ಟೇಕಿನಲ್ಲಿ ಅಮ್ಮನೇ ನಕ್ಕುಬಿಟ್ಟಳು. ಎರಡನೆಯದರಲ್ಲಿ ಅರ್ಧಕ್ಕೇ ದನಿ ಒಡೆಯಿತು. ಹೇಗೋ ಮಾತು ಮುಗಿಸಿ ತಟ್ಟೆ ಹಿಡಿದುಕೊಂಡೇ ನಿಂತಳು, ಕಣ್ಣೀರು ಇಳಿಯುತ್ತಿತ್ತು. ನನಗೆ ಹಿಗ್ಗೋ ಹಿಗ್ಗು. ಇನ್ನೂ ಹತ್ತಿರ ಹೋಗಿ ಎಂದು ಎದುರು ಮನೆಯವರಿಗೆ ಸನ್ನೆ ಮಾಡಿದೆ. ಕನ್ನಡದ ಒಂದಕ್ಷರ ಬಾರದ ಆಕೆ ಕ್ಯಾಮೆರಾ ಆಫ್ ಮಾಡಿ ಕೆಳಗಿಳಿಸಿದರು. ಅಮ್ಮ ಸೆರಗಿನಿಂದ ಮುಖ ಒರೆಸಿಕೊಂಡು, ಬೆಳಗ್ಗೆಯ ಈರುಳ್ಳಿ ಘಾಟು ಎಂದಳು.

ಆಮೇಲೆ ಕಾರಿಡಾರಿನಲ್ಲಿ ಆಕೆ ತಮ್ಮ ಕಥೆ ಹೇಳಿದರು. ತಾಯಿ ತೀರಿಕೊಂಡ ಸುದ್ದಿ ಬಂದ ದಿನವೂ ಸೆಟ್ಟಿಗೆ ಹೋಗಿದ್ದರಂತೆ. ಕ್ಯಾಮೆರಾ ಮುಂದೆ ಅತ್ತದ್ದನ್ನು ನಿರ್ದೇಶಕ ಹಾಗೆಯೇ ಚಿತ್ರದಲ್ಲಿ ಉಳಿಸಿಕೊಂಡ. ಅದರಿಂದಲೇ ಹೆಸರು ಬಂತು, ಅದೇ ಅವರ ಕೊನೆಯ ಪಾತ್ರವೂ ಆಯಿತು.

"ಕ್ಯಾಮೆರಾ ಹಿಂದಕ್ಕೆ ಹೋದದ್ದು ಯಾಕೆ ಗೊತ್ತಾ? ಅದನ್ನು ಆಫ್ ಮಾಡುವ ಕೈಯಾದರೂ ನನ್ನದಾಗಿರಲಿ ಅಂತ," ಎಂದರು. ಎರಡೂ ಟೇಕು ಕೊಡುತ್ತೇನೆ, ನಿರ್ದೇಶಕಿ ನೀವು, ಆರಿಸಿಕೊಳ್ಳಿ ಎಂದು ಬಾಗಿಲು ಹಾಕಿಕೊಂಡರು.

ನನಗೆ ಅರ್ಥವಾಗಿರಲಿಲ್ಲ ಎಂದರೆ ಸುಳ್ಳಾಗುತ್ತದೆ. ನಾನೂ ಗಂಡನೂ ಆಫೀಸಿಗೆ ಹೋದ ಮೇಲೆ ಮಗು, ಅಡುಗೆ, ಬಟ್ಟೆ ಎಲ್ಲ ಅಮ್ಮನ ತಲೆಗೇ. ಅವಳ ಜೊತೆ ನಾನು ಕೂತು ಕಾಫಿ ಕುಡಿದದ್ದು ಬಂದ ವಾರ ಮಾತ್ರ. ಅಷ್ಟು ಗೊತ್ತಿದ್ದೂ ಎರಡನೆಯದನ್ನೇ ಇಟ್ಟೆ.

ರಾಜ್ಯೋತ್ಸವದ ದಿನ ಆ ಮಾತಿಗೆ ಜನ ನಕ್ಕರು, ಅಮ್ಮನ ಮುಖ ನೋಡಿ ಸುಮ್ಮನಾದರು, ಕೊನೆಗೆ ಎದ್ದುನಿಂತು ಚಪ್ಪಾಳೆ ತಟ್ಟಿದರು. ಎಷ್ಟು ನ್ಯಾಚುರಲ್ ಆಕ್ಟಿಂಗ್ ಎಂದು ನನ್ನ ಕೈ ಕುಲುಕಿದವರೇ ಎಲ್ಲ. ಎದುರು ಮನೆಯವರು ಬಂದಿರಲಿಲ್ಲ.

ಮನೆಗೆ ಹೋಗುವಾಗ ಕಾರಿನಲ್ಲಿ ಅಮ್ಮ ದನಿ ಸ್ವಲ್ಪವೂ ನಡುಗದಂತೆ ಹೇಳಿದಳು:

"ನಿಂಗೆ ಬೇಕಾಗಿದ್ದು ಸಿಕ್ತಲ್ಲ ಮಗಳೇ. ನಂಗೊಂದ್ ಟಿಕೆಟ್ ಮಾಡಿಸ್ಬಿಡು."

ಕ್ಷಮಿಸಮ್ಮ ಎನ್ನಬೇಕಿತ್ತು. ಇನ್ನು ಮಗುವನ್ನು ಯಾರು ನೋಡಿಕೊಳ್ಳುತ್ತಾರೆ ಎಂಬುದೇ ನನಗೆ ಮೊದಲು ಹೊಳೆದದ್ದು.