ತಂಗಳು ಪೆಟ್ಟಿಗೆಯ ನುಚ್ಚಿನುಂಡೆ

ನಮ್ಮ ಕನ್ನಡ ಸಂಘದ ಬೋರ್ಡಿನ ಮುಂದೆ ನಿಂತು ಓದುತ್ತಿರುವ ಗೆಳತಿಯರೇ, ಇವತ್ತು ಸಂಜೆ ನಾನು ಗೆದ್ದೆ!

ಇಲ್ಲಿನ ಒನ್ ಟೌನ್ ಪೇಟೆಯ ಬ್ಯಾಂಕಿನಲ್ಲಿ ಕೆಲಸ ಮುಗಿಸಿ ಬಂದು ನಾನಿನ್ನೂ ಚಪ್ಪಲಿ ಬಿಡುತ್ತಿದ್ದೆ. ಅಷ್ಟರಲ್ಲಿ ನಮ್ಮವರು ತಮ್ಮ ತೆಲುಗು ಮ್ಯಾನೇಜರನ್ನು ಊಟಕ್ಕೆಂದು ಕರೆತಂದರು. ಹೇಳಿಲ್ಲ, ಕೇಳಿಲ್ಲ. ಮೈಸೂರಿನಿಂದ ಬಂದಿರುವ ನಮ್ಮತ್ತೆ ನಿನ್ನೆ ಬೇಯಿಸಿದ್ದನ್ನು ಮುಟ್ಟುವವರಲ್ಲ. ನಮ್ಮ ಹೊಸ ಫ್ರಿಜ್ಜಿಗೆ ಅವರಿಟ್ಟ ಹೆಸರೇ ‘ತಂಗಳು ಪೆಟ್ಟಿಗೆ’. ಆದರೂ ಭಾನುವಾರ ಅವರು ಮಲಗಿದ್ದಾಗ ಇಪ್ಪತ್ತು ನುಚ್ಚಿನುಂಡೆ ಬೇಯಿಸಿ ಫ್ರೀಜರಿನಲ್ಲಿ ಬಚ್ಚಿಟ್ಟಿದ್ದೆ.

ಡಬ್ಬಿ ತೆಗೆದರೆ ಹದಿನಾಲ್ಕೇ ಇದ್ದವು. ನನ್ನ ಲೆಕ್ಕವೇ ತಪ್ಪಿರಬೇಕು ಎಂದುಕೊಂಡೆ. ಕಲ್ಲಿನಂತಿದ್ದ ಉಂಡೆಗಳನ್ನು ಹಬೆಗೆ ಇಟ್ಟೆ. ಕಾಯಿ, ಹಸಿಮೆಣಸಿನಕಾಯಿ, ಒಂದು ಹಿಡಿ ಹುರಿಗಡಲೆ ರುಬ್ಬಿ, ಗಟ್ಟಿ ಮೊಸರಿಗೆ ಬೆರೆಸಿ ಮಜ್ಜಿಗೆ ಹುಳಿ ಕುದಿಸಿ, ಉಂಡೆಗಳನ್ನು ಅದರಲ್ಲಿ ಬಿಟ್ಟೆ. ಅರ್ಧ ಗಂಟೆಯಲ್ಲಿ ಎಲೆ ಹಾಕಿದೆ.

“ಚಾಲಾ ಬಾಗುಂದಮ್ಮಾ! ತುಂಬಾ ಚೆನ್ನಾಗಿದೆ!” ಎಂದು ಮ್ಯಾನೇಜರು ಮೂರನೇ ಸಲ ಬಡಿಸಿಕೊಂಡು, ಇಷ್ಟು ಬೇಗ ಹೇಗೆ ಮಾಡಿದಿರಿ ಎಂದು ಕೇಳಿಯೇಬಿಟ್ಟರು. ನಾನು ಅವರ ಎಲೆಗೆ ಇನ್ನೊಂದು ಸೌಟು ಹುಳಿ ಬಡಿಸಿದೆ.

ಉತ್ತರ ಕೊಟ್ಟವರು ಅತ್ತೆ. “ಈಗೆಲ್ಲಿ ಮಾಡಿದ್ಲು? ಭಾನುವಾರವೇ ಮಾಡಿಟ್ಟಿದ್ಲು. ನಮ್ಮ ಸೊಸೆ ಬಲು ಜಾಣೆ.”

ಮ್ಯಾನೇಜರು ಹೊರಟ ಮೇಲೆ, “ನಿಮಗೆ ಹೇಗೆ ಗೊತ್ತಾಯ್ತು ಅತ್ತೆ?” ಎಂದೆ.

“ದಿನಾ ಮಧ್ಯಾಹ್ನ ಎರಡು ಬಿಸಿ ಮಾಡ್ಕೊಂಡು ತುಪ್ಪ ಹಾಕ್ಕೊಂಡು ತಿಂತಿದೀನಲ್ಲ! ಮುಂದಿನ ಸಲ ಇಂಗು ಸ್ವಲ್ಪ ಜಾಸ್ತಿ ಹಾಕು.”

‘ಮುಂದಿನ ಸಲ’ ಅಂದರು, ಕೇಳಿಸಿತೇ? ಈ ಭಾನುವಾರ ನಲವತ್ತು ಮಾಡುತ್ತೇನೆ. ಹತ್ತು ನಮಗೆ, ಮೂವತ್ತು ತಂಗಳು ಮುಟ್ಟದವರಿಗೆ.