ಪೂಜೆಯಾದ ಸರ್ವರ್

ನಮ್ಮ ರೋಹಿಣಿ ಒಂದು ಕಡೆ ಕುಂತವಳೇ ಅಲ್ಲ. ಬೆಟಗೇರಿಯ ನೇಕಾರರ ಸಂಘದಲ್ಲಿ ನಾನು ಸೀರೆ ಮಡಚುತ್ತೇನೆ, ಅವಳು ಕಂಪ್ಯೂಟರ್ ನೋಡಿಕೊಳ್ಳುತ್ತಾಳೆ. ಉಣ್ಣುವಾಗಲೂ ಕಣ್ಣು ಫೋನಿನ ಮೇಲೆ. ‘ನಿನ್ನ ನೋಡಿದ್ರ ನನಗೂ ಅನ್ನ ಇಳಿಯಂಗಿಲ್ಲ’ ಎಂದು ಎಷ್ಟು ಸಲ ಬೈದಿದ್ದೇನೋ.

ಅವಳ ತಂದೆ ಲಕ್ಷ್ಮಪ್ಪ ಬರೆದ ಸೆರಗಿನ ನಮೂನೆಗಳೆಲ್ಲ ಸಂಘದ ಸರ್ವರಿನಲ್ಲಿವೆ. ಈಗ ಅವರಿಗೆ ಕಣ್ಣು ಕಾಣುವುದಿಲ್ಲ, ಇನ್ನೊಂದು ಗೆರೆ ಎಳೆಯುವ ಹಾಗಿಲ್ಲ. ಅವನ್ನು ಯಾರಾದರೂ ಕದ್ದು ಪವರ್‌ಲೂಮಿಗೆ ಹಾಕಿದರೆ ನಮ್ಮ ಕೈಮಗ್ಗದ ಸೀರೆ ಕೇಳುವವರೇ ಇರುವುದಿಲ್ಲ.

ಈ ಸಲ ಖಂಡೇಪೂಜೆಯ, ಅಂದರೆ ಆಯುಧಪೂಜೆಯ ದಿನ ಮಗ್ಗಗಳೆಲ್ಲ ನಿಂತಿದ್ದವು. ಸರ್ವರ್ ಪೆಟ್ಟಿಗೆಗೂ ವಿಭೂತಿ, ಕುಂಕುಮ, ಚೆಂಡುಹೂವಿನ ಮಾಲೆ. ಮರುದಿನ ವಿಜಯದಶಮಿಗೆ ಬನ್ನಿ ಎಲೆ ಕೊಡುವವರೆಗೆ ಪೂಜೆಯಾದದ್ದನ್ನು ಯಾರೂ ಮುಟ್ಟುವಂತಿಲ್ಲ. ಅಂಥ ಹೊತ್ತಿನಲ್ಲಿ ರೋಹಿಣಿಯ ಫೋನಿಗೆ ಸುದ್ದಿ ಬಂತು. ದೂರದಿಂದ ಸರ್ವರ್ ತೆರೆಯಲು ನಾವು ಬಳಸುವ ಸಾಫ್ಟ್‌ವೇರಿನಲ್ಲೇ ದೋಷವಂತೆ. ಪಾಸ್‌ವರ್ಡ್ ಇಲ್ಲದೆಯೇ ಕಳ್ಳರು ಒಳಗೆ ಬರಬಹುದಂತೆ. ಸರಿಪಡಿಸುವ ಅಪ್‌ಡೇಟ್ ಬರುವುದು ನಾಳೆ.

ಸಂಘದ ಅಧ್ಯಕ್ಷ ಅಂದಪ್ಪನವರು ಮುಳಗುಂದದ ಮನೆಯಲ್ಲಿ ಕುಂತು, ಅದೇ ಸಾಫ್ಟ್‌ವೇರಿನಿಂದ ಸರ್ವರ್ ತೆರೆದು, ಬಂದ ವ್ಯಾಪಾರಿಗಳಿಗೆ ನಮೂನೆ ತೋರಿಸುತ್ತಿದ್ದರು. ಅವರಿಗೆ ಫೋನ್ ಹಚ್ಚಿದಳು.

‘ಕಾಕಾ, ಸರ್ವರ್ ಬಂದ್ ಮಾಡಬೇಕ್ರಿ. ಕಳ್ಳರು ಹೊಕ್ಕಾರು.’

‘ಹುಚ್ಚ ಹಿಡದೈತೇನ ನಿನಗ? ಪೂಜಿ ಮಾಡಿದ್ದನ್ನ ಮುಟ್ಟತಾರೇನ?’

ಫೋನ್ ಕಿವಿಗೆ ಹಿಡಿದೇ ಅವಳು ಆ ಗೋಡೆಯಿಂದ ಈ ಗೋಡೆಗೆ ಅಡ್ಡಾಡಿದಳು. ಮಗ್ಗಗಳ ಮುಂದೆ ಬಂದು ಗಕ್ಕನೆ ನಿಂತಳು.

‘ಕಾಕಾ, ಇವತ್ತ ಮಗ್ಗ ಯಾಕ ನಿಲ್ಲಸೇವ್ರಿ?’

‘ಪೂಜಿ ಆದ ಮ್ಯಾಲೆ ದುಡಸಬಾರ್ದು. ಅಷ್ಟೂ ಗೊತ್ತಿಲ್ಲೇನ?’

‘ಮತ್ತ ಸರ್ವರ್ ಯಾಕ ದುಡಸಾಕತ್ತೀರಿ?’

ನನಗೆ ನಗು ತಡೆಯಲಾಗಲಿಲ್ಲ. ಅಂದಪ್ಪನವರು ಮೆತ್ತಗೆ ಕೇಳಿದರು, ‘ಮುಟ್ಟದ ಹೆಂಗ ನಿಲ್ಲಸ್ತಿ?’

‘ನೀವು ಹೊಕ್ಕ ದಾರಿಯಿಂದನ ಹೊಕ್ಕು, ಫೋನಿನಿಂದ ನಿಲ್ಲಸ್ತೇನ್ರಿ.’

‘ಆತು, ನಿಲ್ಲಸು.’

ಸರ್ವರಿನ ಗುಂಯ್ ಸದ್ದು ನಿಂತಿತು. ಮಾಲೆಯ ಒಂದು ಹೂವೂ ಅಲುಗಲಿಲ್ಲ.

ಮರುದಿನ ಬನ್ನಿ ಕೊಟ್ಟಾದ ಮೇಲೆ ಅಪ್‌ಡೇಟ್ ಹಾಕಿ, ಯಾರು ಯಾರು ಒಳಗೆ ಬಂದಿದ್ದರೆಂದು ನೋಡಿದಳು. ನಿಲ್ಲಿಸುವ ತುಸು ಮುಂಚೆ ಗುರುತಿಲ್ಲದ ಯಾರೋ ದೂರದಿಂದ ಸರ್ವರಿನ ಬಾಗಿಲು ಬಡಿದಿದ್ದರು. ಒಳಗೆ ಬಂದಿರಲಿಲ್ಲ.

ಬನ್ನಿ ಕೊಡಲು ನಾನೂ ಅವಳ ಮನೆಗೆ ಹೋದೆ. ಲಕ್ಷ್ಮಪ್ಪ ಎಲೆಯನ್ನು ಬೆರಳಿನಿಂದ ಸವರುತ್ತ ಕೇಳಿದರು, ‘ನನ್ನ ನಮೂನಿ ಅದಾವೇನವಾ?’

‘ಅದಾವಪ್ಪಾ. ನಮ್ಮ ಕಡೇನ ಅದಾವ.’

ಅಷ್ಟಂದು ಅಪ್ಪನ ಕಾಲ ಬಳಿ ಕುಂತಳು. ಕುಂತವಳಿಗೆ ಅಲ್ಲೇ ನಿದ್ದೆ ಹತ್ತಿತು.